ನಾಲ್ಕೇ ಚಿತ್ರಗಳ ಜಾನ್

ಬಳ್ಳಾರಿಯ ಓದುಗರೇ,

ಹೋದ ಸಂಚಿಕೆಯ ಲೇಖನ ಓದಿ ನೀವು ಕೇಳಿದ್ದೀರಿ: ‘ಮಲಯಾಳದ ನಿರ್ದೇಶಕ ಜಾನ್ ಅಬ್ರಹಾಂ ಮಾಡಿದ್ದು ನಾಲ್ಕೇ ಕಥಾಚಿತ್ರ. ಜನರ ಗೊಡವೆಯೇ ಬೇಡವೆಂದ ಇಂಥ ಪ್ರಯೋಗಶೀಲರನ್ನು ಏಕೆ ಹೊತ್ತು ಮೆರೆಸುತ್ತೀರಿ? ನೋಡಲೇಬೇಕೆಂದರೆ ಯಾವುದನ್ನು ನೋಡಲಿ?’

ನಾಲ್ಕೇ ಎಂಬುದು ನಿಜ. ಜನರ ಗೊಡವೆ ಬೇಡವಾಗಿತ್ತು ಎಂಬುದನ್ನು ಮಾತ್ರ ನಾನು ಒಪ್ಪಲಾರೆ.

ಮೊದಲು ನಿಮ್ಮೂರಿನ ನಂಟು. 1937ರಲ್ಲಿ ಹುಟ್ಟಿದ ಈ ಕೇರಳದ ಕುಟ್ಟನಾಡಿನ ಮನುಷ್ಯ, ಸಿನಿಮಾ ಕಲಿಯಲು ಪುಣೆಗೆ ಹೋಗುವ ಮುನ್ನ ಬಳ್ಳಾರಿಯಲ್ಲೇ ಜೀವ ವಿಮಾ ನಿಗಮದ ನೌಕರಿಯಲ್ಲಿದ್ದರು. ತಿಂಗಳ ಸಂಬಳ ಬಿಟ್ಟು ಹೊರಟವರಿಗೆ ಪುಣೆಯಲ್ಲಿ ಬಂಗಾಳಿ ನಿರ್ದೇಶಕ ಋತ್ವಿಕ್ ಘಟಕ್ ಗುರುವಾಗಿ ಸಿಕ್ಕರು.

1977ರ ತಮಿಳು ಚಿತ್ರ ‘ಅಗ್ರಹಾರತ್ತಿಲ್ ಕಳುದೈ’ಯಲ್ಲಿ ಪ್ರಾಧ್ಯಾಪಕನೊಬ್ಬ ತಾಯಿ ಸತ್ತ ಕತ್ತೆಮರಿಯನ್ನು ಸಾಕಲು ಅಗ್ರಹಾರಕ್ಕೆ ತರುತ್ತಾನೆ. ಊರಿನ ಕೆಡುಕೆಲ್ಲ ಅದರ ತಲೆಗೆ ಬೀಳುತ್ತದೆ. ಕೊಂದೂ ಹಾಕುತ್ತಾರೆ. ಆಮೇಲೆ ಅದೇ ಜನ ಆ ಕತ್ತೆಗೆ ಗುಡಿ ಕಟ್ಟಲು ಹೊರಡುತ್ತಾರೆ! ಇದಕ್ಕೆ ಶ್ರೇಷ್ಠ ತಮಿಳು ಚಿತ್ರವೆಂದು ರಾಷ್ಟ್ರ ಪ್ರಶಸ್ತಿಯೂ ಬಂತು.

ಆದರೆ ನನ್ನ ಮಟ್ಟಿಗೆ ಅವರ ಅಸಲಿ ಪ್ರಯೋಗ 1986ರ ‘ಅಮ್ಮ ಅರಿಯಾನ್’. ನಿರ್ಮಾಪಕರ ಹಂಗು ಬೇಡವೆಂದು ಗೆಳೆಯರೊಡನೆ ‘ಒಡೆಸ್ಸಾ’ ಎಂಬ ಬಳಗ ಕಟ್ಟಿದರು. ಊರೂರಿಗೆ ಹೋಗಿ ಚಾಪ್ಲಿನ್‌ನ ‘ದಿ ಕಿಡ್’ನಂಥ ಚಿತ್ರ ತೋರಿಸಿ, ಜನ ಕೊಟ್ಟಷ್ಟನ್ನು ಕೂಡಿಸಿ ಚಿತ್ರ ಮಾಡಿದರು, ಮುಗಿದ ಮೇಲೆ ಮತ್ತೆ ಆ ಜನರ ನಡುವೆಯೇ ತೋರಿಸಿದರು. ಊರಿನವರ ಮುಂದೆ ಕೈಯೊಡ್ಡಿ ನಿಂತವರಿಗೆ ಜನರ ಗೊಡವೆ ಬೇಡವಾಗಿತ್ತು ಎನ್ನಬಹುದೇ?

ಕಥೆಯ ಎಳೆ ತೆಳುವಾದದ್ದು. ದೆಹಲಿಗೆ ಹೊರಟ ಪುರುಷನ್, ದಾರಿಯಲ್ಲಿ ಕಂಡ ಹೆಣ ಹರಿ ಎಂಬ ತಬಲಾವಾದಕನದೆಂದು ತಿಳಿದು, ಸುದ್ದಿಯನ್ನು ಅವನ ತಾಯಿಗೆ ಮುಟ್ಟಿಸಲು ವಯನಾಡಿನಿಂದ ಕೊಚ್ಚಿಯತ್ತ ತಿರುಗುತ್ತಾನೆ. ಒಂದೊಂದು ಊರಿನಲ್ಲಿ ಒಬ್ಬೊಬ್ಬ ಗೆಳೆಯ ಜೊತೆಗೂಡುತ್ತಾನೆ. ಪ್ರತಿಯೊಬ್ಬನೂ ತನ್ನ ಅಮ್ಮನಿಗೆ ಹೇಳಿ ಹೊರಡಬೇಕು. ಕಪ್ಪು-ಬಿಳುಪಿನಲ್ಲಿ ಆ ತಾಯಂದಿರ ಮುಖಗಳನ್ನು ನೋಡುವಾಗ ಪ್ರತಿ ಸಲವೂ ನನ್ನ ಗಂಟಲು ಕಟ್ಟುತ್ತದೆ. ನಡುವೆ ಕ್ವಾರಿ ಕಾರ್ಮಿಕರ, ವೈದ್ಯ ವಿದ್ಯಾರ್ಥಿಗಳ ಹೋರಾಟಗಳು ಸಾಕ್ಷ್ಯಚಿತ್ರದಂತೆ ನುಗ್ಗಿ ಬರುತ್ತವೆ. ಅಲ್ಲಲ್ಲಿ ಕಥೆ ಜಾಳಾಗುತ್ತದೆ, ಒಪ್ಪುತ್ತೇನೆ. ಆದರೂ ಆ ಸಡಿಲು ನನಗೆ ಬೇಕು, ಊರುಗಳು ಒಳಗೆ ಬರುವುದು ಅಲ್ಲಿಂದಲೇ.

ಮರುವರ್ಷ, 1987ರ ಮೇ 31ರಂದು, ಕೋಯಿಕ್ಕೋಡಿನಲ್ಲಿ ಕಟ್ಟಡದಿಂದ ಬಿದ್ದು ಜಾನ್ ತೀರಿಕೊಂಡರು. ಇನ್ನೂ ಐವತ್ತು ತುಂಬಿರಲಿಲ್ಲ. ಐದನೆಯ ಚಿತ್ರ ಏಕಿಲ್ಲ ಎಂಬುದಕ್ಕೆ ಉತ್ತರ ಇದೇ.

ನೀವು ಕತ್ತೆಯ ಚಿತ್ರದಿಂದ ಶುರು ಮಾಡಿ, ಅದರ ಕಥೆ ನೇರವಾಗಿದೆ. ‘ಅಮ್ಮ ಅರಿಯಾನ್’ ಹಚ್ಚಿದ ದಿನ ಮೊದಲ ಅರ್ಧ ಗಂಟೆ ಕಥೆಯನ್ನು ಹುಡುಕಬೇಡಿ. ಸುಮ್ಮನೆ ಆ ಹುಡುಗರ ಹಿಂದೆ ನಡೆಯಿರಿ.

– ಸಂಪಾದಕ