ಸೆಡ್ರಿಕ್ ಬಕಾಂಬು ಇಷ್ಟೊಂದು ಕ್ಲಬ್ ಬದಲಿಸಿದ್ದು ಬರೀ ದುಡ್ಡಿಗಾಗಿಯಾ?

ನಿಮ್ಮ ಪ್ರಶ್ನೆಯಲ್ಲಿ ಎರಡು ಭಾಗ ಇದೆ. ಡಿಆರ್ ಕಾಂಗೋ ದೇಶದ ಫುಟ್‌ಬಾಲ್ ಸ್ಟ್ರೈಕರ್ (ಗೋಲು ಹೊಡೆಯುವ ಮುಂಚೂಣಿ ಆಟಗಾರ) ಸೆಡ್ರಿಕ್ ಬಕಾಂಬು ಒಂದು ಕಡೆ ನಿಲ್ಲಲಿಲ್ಲ, ಚೀನಾಕ್ಕೂ ಹೋದರು, ದುಡ್ಡು ಕಂಡ ಕಡೆ ಓಡುವವರು ಅಂತ ನಿಮ್ಮ ಗೆಳೆಯರು ಹೇಳುತ್ತಾರೆ, ಅದು ನಿಜವಾ ಅನ್ನೋದು ಒಂದು. ಅವರ ಆಟ ನೋಡೋಕೆ ಎಲ್ಲಿಂದ ಶುರು ಮಾಡಬೇಕು ಅನ್ನೋದು ಇನ್ನೊಂದು.

ನನಗೆ ಬಹಳ ಇಷ್ಟದ ಆಟಗಾರ ಇವರು. ಅದಕ್ಕೆ ಸ್ವಲ್ಪ ವಿವರವಾಗಿಯೇ ಹೇಳುತ್ತೇನೆ. ನಿಮ್ಮ ಗೆಳೆಯರ ಮಾತು ಒಂದೇ ಒಂದು ವರ್ಗಾವಣೆಗೆ ಅಷ್ಟಿಷ್ಟು ಹೊಂದುತ್ತದೆ. ಉಳಿದವನ್ನೆಲ್ಲ ಆ ಒಂದರ ಕಣ್ಣಿನಿಂದ ನೋಡುವುದು ಅನ್ಯಾಯ.

ಮೊದಲು ಕ್ಲಬ್‌ಗಳನ್ನು ಹೇಳಿಬಿಡುತ್ತೇನೆ. ಫ್ರಾನ್ಸಿನ ಸೊಶೊ, ಟರ್ಕಿಯ ಬುರ್ಸಾಸ್ಪೋರ್, ಸ್ಪೇನಿನ ವಿಯ್ಯಾರಿಯಲ್, ಚೀನಾದ ಬೀಜಿಂಗ್ ಗುವೊಆನ್, ಮತ್ತೆ ಫ್ರಾನ್ಸಿನಲ್ಲಿ ಮಾರ್ಸೆ, ಗ್ರೀಸಿನ ಒಲಿಂಪಿಯಾಕೋಸ್, ದುಬೈನ ಅಲ್ ನಸ್ರ್, ಇಸ್ತಾಂಬುಲ್‌ನ ಗಲಾಟಸರಾಯ್, ಆಮೇಲೆ ಸ್ಪೇನಿನ ಸೆವಿಲ್ಲಾ ನಗರದ ರಿಯಲ್ ಬೆಟಿಸ್. ಒಟ್ಟು ಒಂಬತ್ತು ಕ್ಲಬ್, ಆರು ದೇಶ. ಪಟ್ಟಿ ನೋಡಿದರೆ ಅಲೆದಾಟ ಅಂತ ಅನ್ನಿಸೋದು ಸಹಜ. ಆದರೆ ಪ್ರತಿ ಸಲ ಯಾಕೆ ಹೊರಟರು ಅಂತ ನೋಡಿದರೆ ಚಿತ್ರ ಬೇರೆ ಥರ ಕಾಣುತ್ತದೆ.

ಬಕಾಂಬು ಹುಟ್ಟಿದ್ದು 1991ರ ಏಪ್ರಿಲ್‌ನಲ್ಲಿ, ಪ್ಯಾರಿಸ್ ಪಕ್ಕದ ವಿತ್ರಿ ಸುರ್ ಸೇನ್‌ನಲ್ಲಿ. ಅಪ್ಪ ಅಮ್ಮ ಕಾಂಗೋ ಮೂಲದವರು. ಫುಟ್‌ಬಾಲ್ ಕಲಿತದ್ದು ಸೊಶೊ ಅಕಾಡೆಮಿಯಲ್ಲಿ. ಸೊಶೊ ಅಂದರೆ ಪ್ಯೂಜೊ ಕಾರು ಕಂಪನಿಯ ಊರು. ಕ್ಲಬ್ ಕಟ್ಟಿದ್ದೂ ಅದೇ ಕಂಪನಿ, 1928ರಲ್ಲಿ. ಅಲ್ಲಿ ಬಕಾಂಬು ಚಿಕ್ಕ ವಯಸ್ಸಿನಿಂದ ಬೆಳೆದರು, ಮೊದಲ ತಂಡಕ್ಕೂ ಬಂದರು. 2014ರಲ್ಲಿ ಸೊಶೊ ಕೆಳಗಿನ ಡಿವಿಷನ್‌ಗೆ ಜಾರಿತು. ಮೇಲೆ ಬರಬೇಕಾದ 23 ವರ್ಷದ ಸ್ಟ್ರೈಕರ್ ಅಲ್ಲೇ ಉಳಿಯಬೇಕಿತ್ತು ಅಂತ ಯಾರೂ ಹೇಳಲಾರರು ಅಲ್ವಾ?

ಹಾಗೆ ಸೇರಿದ್ದು ಬುರ್ಸಾಸ್ಪೋರ್. ಕೋಚ್ ಶೆನೋಲ್ ಗುನೇಶ್. ಟರ್ಕಿಯನ್ನು 2002ರ ವಿಶ್ವಕಪ್‌ನಲ್ಲಿ ಮೂರನೇ ಸ್ಥಾನಕ್ಕೆ ತಂದವರು ಅವರೇ. ಅವರ ಕೈಯಲ್ಲಿ ಬಕಾಂಬು ಒಂದೇ ಸೀಸನ್‌ನಲ್ಲಿ ಬೇರೆಯೇ ಆಟಗಾರ ಆದರು. ಬ್ರೆಜಿಲ್‌ನ ಫೆರ್ನಾಂಡಾವ್ ಗೋಲಿನ ಮುಂದಿನ ಪೆನಾಲ್ಟಿ ಬಾಕ್ಸ್‌ನೊಳಗೆ ನಿಂತು ಲೀಗ್‌ನಲ್ಲೇ ಅತಿ ಹೆಚ್ಚು ಗೋಲು ಹೊಡೆದರೆ, ಬಕಾಂಬು ಅವರ ಸುತ್ತಮುತ್ತಲ ಖಾಲಿ ಜಾಗದಲ್ಲಿ ಓಡಿ ಗೋಲು ತಂದರು. ಟರ್ಕಿಶ್ ಕಪ್ ಫೈನಲ್‌ವರೆಗೂ ತಂಡ ಹೋಯಿತು. ಅಲ್ಲಿ ಗಲಾಟಸರಾಯ್ ಎದುರು 3-2ರಿಂದ ಸೋತಿತು. ಯುರೋಪಿನ ದೊಡ್ಡ ಲೀಗ್‌ಗಳ ಕಣ್ಣು ಇವರ ಮೇಲೆ ಬಿದ್ದದ್ದು ಆಗ.

ಈಗ ವಿಯ್ಯಾರಿಯಲ್. ಇಲ್ಲಿ ಸ್ವಲ್ಪ ನಿಲ್ಲಬೇಕು. ಬಕಾಂಬು ಅಂದರೆ ಯಾರು ಅಂತ ಗೊತ್ತಾಗೋದು ಇಲ್ಲಿಯೇ.

ವಿಯ್ಯಾರಿಯಲ್ ಸುಮಾರು 50 ಸಾವಿರ ಜನರ ಊರು. ಸುತ್ತಮುತ್ತ ಟೈಲ್ಸ್ ಕಾರ್ಖಾನೆಗಳು. ಜರ್ಸಿ ಹಳದಿ. 2015ರಲ್ಲಿ ಕೋಚ್ ಮಾರ್ಸೆಲಿನೋ ಎರಡು ಸ್ಟ್ರೈಕರ್ ಇಟ್ಟುಕೊಂಡು ಆಡಿಸುತ್ತಿದ್ದರು. ಒಬ್ಬರು ರೊಬೆರ್ಟೊ ಸೊಲ್ಡಾಡೊ, ಇನ್ನೊಬ್ಬರು ಬಕಾಂಬು. ಸೊಲ್ಡಾಡೊ ಚೆಂಡಿಗಾಗಿ ಹಿಂದೆ ಬರುತ್ತಿದ್ದರು. ಅವರ ಬೆನ್ನು ಹತ್ತಿ ಎದುರಾಳಿ ಡಿಫೆಂಡರ್ ಒಬ್ಬ ಮುಂದೆ ಬರುತ್ತಿದ್ದ. ಅವನು ಬಿಟ್ಟು ಬಂದ ಜಾಗಕ್ಕೆ ಬಕಾಂಬು ನುಗ್ಗುತ್ತಿದ್ದರು. ಮಧ್ಯದಿಂದ ನಾಯಕ ಬ್ರೂನೋ ಸೊರಿಯಾನೊ ಅಥವಾ ಡೆನಿಸ್ ಸುವಾರೆಸ್ ಚೆಂಡು ಕಳಿಸುತ್ತಿದ್ದರು.

ಕೇಳೋಕೆ ಸುಲಭ ಅನ್ನಿಸುತ್ತದೆ. ಆದರೆ ಆ ಓಟವನ್ನು ಹತ್ತಿರದಿಂದ ನೋಡಿ. ಬಕಾಂಬು ಮೊದಲು ನೇರವಾಗಿ ಗೋಲಿನ ಕಡೆ ಓಡುವುದಿಲ್ಲ. ಕೊನೆಯ ಡಿಫೆಂಡರ್‌ನ ಭುಜಕ್ಕೆ ಅಂಟಿಕೊಂಡ ಹಾಗೆ ನಿಲ್ಲುತ್ತಾರೆ, ಅವನ ಕಣ್ಣಿಗೆ ಪೂರ್ತಿ ಕಾಣದ ಕಡೆಗೆ. ಆಮೇಲೆ ಮೈದಾನಕ್ಕೆ ಅಡ್ಡಲಾಗಿ ಎರಡು ಹೆಜ್ಜೆ. ಅಷ್ಟು ಹೊತ್ತು ಆಫ್‌ಸೈಡ್ ಗೆರೆಯ (ಪಾಸ್ ಹೊರಡುವ ಮುಂಚೆ ಕೊನೆಯ ಡಿಫೆಂಡರ್‌ನನ್ನು ದಾಟಿ ನಿಲ್ಲುವಂತಿಲ್ಲ ಅನ್ನುವ ಗೆರೆ) ಈಚೆಯೇ ಇರುತ್ತಾರೆ, ಜೊತೆಗೆ ವೇಗವೂ ಕೂಡಿ ಬರುತ್ತಿರುತ್ತದೆ. ಜೊತೆಗಾರನ ಕಾಲು ಚೆಂಡಿಗೆ ತಗಲುವ ಕ್ಷಣಕ್ಕೆ ಗೋಲಿನ ಕಡೆ ತಿರುಗುತ್ತಾರೆ. ಡಿಫೆಂಡರ್ ನಿಂತಲ್ಲಿಂದ ಓಟ ಶುರು ಮಾಡಬೇಕು, ಇವರು ಆಗಲೇ ಪೂರ್ತಿ ವೇಗದಲ್ಲಿ ಇರುತ್ತಾರೆ. ಅಲ್ಲಿಗೆ ಮುಗಿಯಿತು.

2015-16ರ ಯೂರೋಪಾ ಲೀಗ್‌ನಲ್ಲಿ (ಯುರೋಪಿನ ಕ್ಲಬ್‌ಗಳ ಎರಡನೇ ದರ್ಜೆಯ ಟೂರ್ನಿ) ಈ ಓಟದಿಂದಲೇ ದೊಡ್ಡ ದೊಡ್ಡ ತಂಡಗಳು ತಬ್ಬಿಬ್ಬಾದವು. ಬಾಯರ್ ಲೆವರ್ಕುಸೆನ್ ವಿರುದ್ಧ 2-0 ಗೆಲುವು, ಎರಡೂ ಗೋಲು ಬಕಾಂಬು ಅವರದ್ದು. ಕ್ವಾರ್ಟರ್ ಫೈನಲ್‌ನಲ್ಲಿ ಸ್ಪಾರ್ಟಾ ಪ್ರಾಗ್ ಎದುರು ತಮ್ಮ ಮೈದಾನದಲ್ಲಿ ಎರಡು, ಪ್ರಾಗ್‌ನಲ್ಲಿ ಮತ್ತೆ ಎರಡು. ಸೆಮಿಫೈನಲ್‌ನ ಮೊದಲ ಪಂದ್ಯದಲ್ಲಿ ಲಿವರ್‌ಪೂಲ್ ಅನ್ನು 1-0ರಿಂದ ಸೋಲಿಸಿದರು, ಆದರೆ ಲಿವರ್‌ಪೂಲ್‌ನ ಮೈದಾನ ಆನ್‌ಫೀಲ್ಡ್‌ನಲ್ಲಿ 3-0 ಪೆಟ್ಟು ತಿಂದು ಹೊರಬಿದ್ದರು. ಆ ಟೂರ್ನಿಯಲ್ಲಿ ಬಕಾಂಬು ಹೊಡೆದದ್ದು 9 ಗೋಲು. ಸ್ಪ್ಯಾನಿಷ್ ಲೀಗ್‌ನಲ್ಲಿ ತಂಡ ನಾಲ್ಕನೇ ಸ್ಥಾನಕ್ಕೆ ಬಂತು.

ಇನ್ನು ಚೀನಾ. ನಿಮ್ಮ ಗೆಳೆಯರು ಹಿಡಿದುಕೊಂಡಿರುವುದು ಇದನ್ನೇ ಅಲ್ವಾ. ಇಲ್ಲಿ ನಡೆದದ್ದನ್ನು ಸರಿಯಾಗಿ ತಿಳಿದುಕೊಳ್ಳಿ. ಸ್ಪೇನಿನಲ್ಲಿ ಆಟಗಾರರ ಒಪ್ಪಂದದಲ್ಲಿ ಒಂದು ಬಿಡುಗಡೆ ಮೊತ್ತ ಬರೆದಿರುತ್ತಾರೆ. ಅಷ್ಟು ಹಣ ಕಟ್ಟಿದರೆ ಕ್ಲಬ್ ತಡೆಯುವ ಹಾಗಿಲ್ಲ. ಕಾಗದದ ಮೇಲೆ ಆ ಹಣ ಕಟ್ಟಿ ಬಿಡಿಸಿಕೊಳ್ಳುವವನು ಆಟಗಾರನೇ. ಬಕಾಂಬು ಒಪ್ಪಂದದಲ್ಲಿ ಇದ್ದದ್ದು 4 ಕೋಟಿ ಯೂರೋ, ಆಗಿನ ಲೆಕ್ಕದಲ್ಲಿ ಸುಮಾರು 300 ಕೋಟಿ ರೂಪಾಯಿ. 2018ರ ಜನವರಿಯಲ್ಲಿ ಅದನ್ನು ಕಟ್ಟಿ ಹೊರಬಂದರು. ಅದೇ ಸಮಯಕ್ಕೆ ಚೀನಾದಲ್ಲಿ ಹೊಸ ನಿಯಮ ಇತ್ತು. ವಿದೇಶಿ ಆಟಗಾರನನ್ನು ಕೊಳ್ಳೋಕೆ ನಾಲ್ಕೂವರೆ ಕೋಟಿ ಯುವಾನ್‌ಗಿಂತ ಜಾಸ್ತಿ ಕೊಟ್ಟರೆ ಅಷ್ಟೇ ಹಣವನ್ನು ಎಳೆಯ ಆಟಗಾರರ ನಿಧಿಗೂ ಕಟ್ಟಬೇಕು. ಹೀಗಾಗಿ ಈ ವರ್ಗಾವಣೆ ವಾರಗಟ್ಟಲೆ ಸುದ್ದಿಯಾಯಿತು. ಗುವೊಆನ್ ಕ್ಲಬ್ ಇವರನ್ನು ತನ್ನ ಆಟಗಾರ ಅಂತ ತೋರಿಸಿದ್ದು ತಡವಾಗಿ.

ದುಡ್ಡು ಜಾಸ್ತಿ ಇತ್ತು, ಅನುಮಾನವೇ ಇಲ್ಲ. ಆದರೆ ಅಲ್ಲಿ ಹೋಗಿ ಸುಮ್ನೆ ಕೂತರಾ? ಇಲ್ಲ. ಜರ್ಮನಿಯ ರೋಜರ್ ಶ್ಮಿಟ್ ಕೋಚ್ ಆಗಿದ್ದ, ರೆನಾಟೊ ಆಗಸ್ಟೊ, ಜೊನಾಥನ್ ವಿಯೆರಾ ಇದ್ದ ಆ ತಂಡ 2018ರಲ್ಲೇ ಚೀನಾದ ಎಫ್‌ಎ ಕಪ್ ಗೆದ್ದಿತು, ಮುಂದಿನ ವರ್ಷ ಲೀಗ್‌ನಲ್ಲಿ ಎರಡನೇ ಸ್ಥಾನ ಪಡೆಯಿತು. 2020ರ ಜನವರಿಯಲ್ಲಿ ಬಾರ್ಸಿಲೋನಾ ತಂಡದ ಲೂಯಿಸ್ ಸುವಾರೆಸ್ ಗಾಯಗೊಂಡಿದ್ದರು. ಅವರ ಜಾಗಕ್ಕೆ ಬಕಾಂಬು ಬೇಕು ಅಂತ ಮಾತುಕತೆ ಬಹಳ ದೂರ ಹೋಗಿತ್ತು. ವಿಮಾನ ಪ್ರಯಾಣದ ನಡುವೆಯೇ ಅದು ಮುರಿದುಬಿತ್ತು ಅಂತ ಆಮೇಲೆ ಅವರೇ ಹೇಳಿಕೊಂಡರು. ನನಗೆ ಈಗಲೂ ಬೇಜಾರಾಗುವ ಸಂಗತಿ ಅದು. ಚೀನಾಕ್ಕೆ ಹೋದವರು ಮುಗಿದುಹೋದರು ಅಂತ ಜನ ಹೇಳುತ್ತಿದ್ದ ಕಾಲದಲ್ಲಿ ಮೆಸ್ಸಿ ಪಕ್ಕದಲ್ಲಿ ಆಡೋಕೆ ಕರೆ ಬಂದಿತ್ತು ಅಂದರೆ ಆಟ ಎಷ್ಟು ಹರಿತವಾಗಿತ್ತು ನೋಡಿ.

ಆಮೇಲೆ ಕೋವಿಡ್ ಬಂತು. ಲೀಗ್ ಅನ್ನು ಒಂದೆರಡು ನಗರಗಳಲ್ಲಿ ಬಾಗಿಲು ಮುಚ್ಚಿಕೊಂಡು ನಡೆಸಿದರು. ಸಂಬಳಕ್ಕೆ ಮಿತಿ ಬಂತು. 2020ರ ಚಾಂಪಿಯನ್ ಆಗಿದ್ದ ಜಿಯಾಂಗ್ಸು ಕ್ಲಬ್ ಕೆಲವೇ ತಿಂಗಳಲ್ಲಿ ಬಾಗಿಲು ಹಾಕಿತು. ಬಕಾಂಬು ತಮ್ಮ ಒಪ್ಪಂದ ಮುಗಿಯುವ ತನಕ ಇದ್ದು 2022ರ ಜನವರಿಯಲ್ಲಿ ಮಾರ್ಸೆಗೆ ಬಂದರು. ದುಡ್ಡು ನಿಂತ ತಕ್ಷಣ ಓಡಿದರು ಅನ್ನೋಕೆ ಇಲ್ಲಿ ಜಾಗವೇ ಇಲ್ಲ.

ಮಾರ್ಸೆಯಲ್ಲಿ ಬೆಂಚ್ ಮೇಲೆ ಕೂರುವುದೇ ಜಾಸ್ತಿ ಆಯಿತು. ಒಲಿಂಪಿಯಾಕೋಸ್‌ಗೆ ಹೋದರು, 2022-23ರಲ್ಲಿ 18 ಗೋಲು ಹೊಡೆದು ಗ್ರೀಕ್ ಲೀಗ್‌ನ ಟಾಪ್ ಸ್ಕೋರರ್ ಆದರು. ದುಬೈನಲ್ಲಿ ಇದ್ದದ್ದು ತೀರಾ ಕಡಿಮೆ ಸಮಯ. ಗಲಾಟಸರಾಯ್‌ನಲ್ಲಿ ಮುಂದೆ ಮೌರೊ ಇಕಾರ್ಡಿ ಇದ್ದಾಗ ಬೇರೆಯವರಿಗೆ ಜಾಗ ಎಲ್ಲಿ? ಹಾಗಾಗಿ 2024ರ ಆರಂಭದಲ್ಲಿ ಬೆಟಿಸ್.

ಕ್ಲಬ್‌ಗಳ ಕಥೆಗಿಂತ ನನಗೆ ಮುಖ್ಯ ಅನ್ನಿಸುವುದು ಕಾಂಗೋ ಜರ್ಸಿ. ಬಕಾಂಬು ಫ್ರಾನ್ಸಿನ ಕಿರಿಯರ ತಂಡದಲ್ಲಿ ಇದ್ದವರು. 2010ರಲ್ಲಿ 19 ವರ್ಷದೊಳಗಿನವರ ಯುರೋಪಿಯನ್ ಚಾಂಪಿಯನ್‌ಷಿಪ್ ಗೆದ್ದ ಆ ತಂಡದಲ್ಲಿ ಗ್ರೀಝ್‌ಮನ್, ಲಾಕಝೆಟ್ ಕೂಡ ಇದ್ದರು. ಮೊದಲಿದ್ದ ನಿಯಮದ ಪ್ರಕಾರ 21 ವರ್ಷ ದಾಟಿದ ಮೇಲೆ ದೇಶ ಬದಲಿಸುವಂತಿರಲಿಲ್ಲ. 2009ರಲ್ಲಿ ಫಿಫಾ ಆ ವಯಸ್ಸಿನ ಮಿತಿ ತೆಗೆಯಿತು. 2015ರಲ್ಲಿ ಬಕಾಂಬು ಅಪ್ಪ ಅಮ್ಮನ ದೇಶವನ್ನು ಆರಿಸಿಕೊಂಡರು. ಆಗ ಅವರಿಗೆ 23. ಅಲ್ಲಿಂದ ಮುಂದೆ ಯಾವ ಕ್ಲಬ್‌ನಲ್ಲಿ ಇದ್ದರೂ, ಬೀಜಿಂಗ್‌ನಿಂದಲೂ, ಕರೆದಾಗ ಹೋಗಿದ್ದಾರೆ.

ಅದು ಸುಖದ ಜಾಗ ಅಲ್ಲ. 2018ರ ವಿಶ್ವಕಪ್ ಅರ್ಹತೆ ಒಂದೇ ಒಂದು ಅಂಕದಿಂದ ಟ್ಯುನೀಷಿಯಾ ಪಾಲಾಯಿತು. 2019ರ ಆಫ್ರಿಕಾ ಕಪ್‌ನಲ್ಲಿ ಜಿಂಬಾಬ್ವೆ ವಿರುದ್ಧ ಬಕಾಂಬು ಎರಡು ಗೋಲು ಹೊಡೆದರು, ಮಡಗಾಸ್ಕರ್ ವಿರುದ್ಧ ಸಮ ಮಾಡಿದರು, ಆದರೂ ತಂಡ ಪೆನಾಲ್ಟಿಯಲ್ಲಿ ಸೋತಿತು. 2022ರ ವಿಶ್ವಕಪ್‌ಗೆ ಹೋಗುವ ದಾರಿಯಲ್ಲಿ ಮೊರಾಕ್ಕೊ ಅಡ್ಡ ಬಂತು.

2024ರ ಜನವರಿ, ಐವರಿ ಕೋಸ್ಟ್‌ನಲ್ಲಿ ಆಫ್ರಿಕಾ ಕಪ್. ಮತ್ತೆ ಮೊರಾಕ್ಕೊ. ಹಕೀಮಿ ಆರನೇ ನಿಮಿಷದಲ್ಲೇ ಗೋಲು ಹೊಡೆದಿದ್ದರು. ಮೊದಲರ್ಧ ಮುಗಿಯುವ ಹೊತ್ತಿಗೆ ಕಾಂಗೋಗೆ ಪೆನಾಲ್ಟಿ. ಬಕಾಂಬು ಹೊಡೆದ ಚೆಂಡು ಕಂಬಕ್ಕೆ ಬಡಿಯಿತು. ಆಮೇಲೆ ಸಿಲಾಸ್ ಗೋಲು ಹೊಡೆದು ಪಂದ್ಯ 1-1 ಆಯಿತು. ಈಜಿಪ್ಟ್ ಎದುರು ಪೆನಾಲ್ಟಿಯಲ್ಲಿ ಗೆದ್ದರು, ಕೊನೆಯ ಪೆನಾಲ್ಟಿ ಹೊಡೆದದ್ದು ಗೋಲ್‌ಕೀಪರ್ ಲಿಯೊನೆಲ್ ಎಂಪಾಸಿ. ಗಿನಿಯನ್ನು 3-1ರಿಂದ ಸೋಲಿಸಿ ಸೆಮಿಫೈನಲ್‌ಗೆ ಬಂದರು.

ಆ ಸೆಮಿಫೈನಲ್ ಫೆಬ್ರವರಿ 7ರಂದು, ಅಬಿಜಾನ್‌ನಲ್ಲಿ. ನಮ್ಮಲ್ಲಿ ಆಗ ರಾತ್ರಿ ಒಂದೂವರೆ. ರಾಷ್ಟ್ರಗೀತೆ ಶುರುವಾದಾಗ ಕಾಂಗೋ ಆಟಗಾರರೆಲ್ಲ ಒಂದು ಕೈಯಿಂದ ಬಾಯಿ ಮುಚ್ಚಿಕೊಂಡು, ಇನ್ನೊಂದು ಕೈಯ ಎರಡು ಬೆರಳನ್ನು ಬಂದೂಕಿನ ಹಾಗೆ ತಲೆಗೆ ಇಟ್ಟುಕೊಂಡು ನಿಂತರು. ದೇಶದ ಪೂರ್ವ ಭಾಗದಲ್ಲಿ, ಉತ್ತರ ಕಿವು ಪ್ರಾಂತ್ಯದಲ್ಲಿ, ಎಂ23 ಬಂಡುಕೋರರ ಜೊತೆ ಯುದ್ಧ ನಡೆದು ಲಕ್ಷಾಂತರ ಜನ ಮನೆ ಬಿಟ್ಟಿದ್ದರು. ಪಂದ್ಯಕ್ಕೂ ಮೊದಲೇ ಬಕಾಂಬು ಸೋಷಿಯಲ್ ಮೀಡಿಯಾದಲ್ಲಿ ಇದರ ಬಗ್ಗೆ ಬರೆದಿದ್ದರು. ಪೂರ್ವ ಕಾಂಗೋದ ಹತ್ಯೆಗಳು ಎಲ್ಲರಿಗೂ ಕಾಣುತ್ತಿವೆ, ಆದರೂ ಎಲ್ಲರೂ ಸುಮ್ಮನಿದ್ದಾರೆ, ಈ ಕಪ್ ಬಗ್ಗೆ ಮಾತಾಡುವಷ್ಟೇ ಜೋರಾಗಿ ಅದರ ಬಗ್ಗೆಯೂ ಮಾತಾಡಿ ಅನ್ನೋದು ಅದರ ಸಾರ. ಆ ಪಂದ್ಯದ ಆರಂಭದಲ್ಲೇ ಬಕಾಂಬು ಚೆಂಡನ್ನು ಗೋಲಿಗೆ ಸೇರಿಸಿದರು. ಆದರೆ ಕೀಪರ್ ಕೈಯಲ್ಲಿದ್ದ ಚೆಂಡನ್ನು ಒದ್ದರು ಅಂತ ರೆಫರಿ ಒಪ್ಪಲಿಲ್ಲ. ಕೊನೆಗೆ ಸೆಬಾಸ್ಟಿಯನ್ ಹಾಲರ್ ಗೋಲಿನಿಂದ ಐವರಿ ಕೋಸ್ಟ್ 1-0 ಗೆದ್ದಿತು.

ಆ ಕೈ ಸನ್ನೆಯನ್ನು ಟಿವಿಯಲ್ಲಿ ನೋಡಿದ ಯಾರಾದರೂ ಇವರನ್ನು ಬರೀ ದುಡ್ಡಿನ ಹಿಂದೆ ಹೋದವರು ಅಂದರೆ ನಾನು ಒಪ್ಪಲ್ಲ. ಫ್ರಾನ್ಸಿನಲ್ಲಿ ಹುಟ್ಟಿದ, ಬದುಕಿಗೆ ಏನೂ ಕೊರತೆ ಇಲ್ಲದ ಒಬ್ಬ ಆಟಗಾರ, ಕ್ಯಾಮೆರಾ ತಮ್ಮ ಕಡೆ ಇದ್ದ ಹೊತ್ತನ್ನು ಉತ್ತರ ಕಿವುವಿನ ಗೋಮಾ ನಗರದ ಸುತ್ತಲಿನ ಟೆಂಟುಗಳಲ್ಲಿದ್ದ ಜನರಿಗೆ ಕೊಟ್ಟರು.

ಬೆಟಿಸ್ ಬಗ್ಗೆ ಒಂದು ಮಾತು. 2024-25ರ ಕಾನ್ಫರೆನ್ಸ್ ಲೀಗ್‌ನಲ್ಲಿ (ಯುರೋಪಿನ ಕ್ಲಬ್‌ಗಳ ಮೂರನೇ ದರ್ಜೆಯ ಟೂರ್ನಿ) ಪೋರ್ಚುಗಲ್‌ನ ವಿಟೋರಿಯಾ ಗಿಮರಾಯ್ಸ್ ಮೈದಾನಕ್ಕೆ ಹೋಗಿ 4-0 ಗೆದ್ದರು. ಮೊದಲ ಎರಡು ಗೋಲು ಬಕಾಂಬು ಅವರದ್ದು, ಅದೂ 20 ನಿಮಿಷದೊಳಗೆ. ತಂಡ ತನ್ನ ಇತಿಹಾಸದಲ್ಲೇ ಮೊದಲ ಸಲ ಯುರೋಪಿಯನ್ ಫೈನಲ್‌ಗೆ ಹೋಯಿತು. ಪೋಲೆಂಡ್‌ನ ವ್ರೊತ್ಸ್ವಾಫ್‌ನಲ್ಲಿ ಚೆಲ್ಸಿ 4-1ರಿಂದ ಸೋಲಿಸಿತು. 34 ವರ್ಷದ ಬಕಾಂಬು ಆ ದಿನ ಮೊದಲ ಹನ್ನೊಂದರಲ್ಲಿ ಇದ್ದರು. ವೇಗ ಕಡಿಮೆ ಆದ ಮೇಲೂ ಉಳಿದದ್ದು ಆ ಓಟದ ಸಮಯ. ಯಾವಾಗ ತಿರುಗಬೇಕು ಅನ್ನುವ ಲೆಕ್ಕಕ್ಕೆ ಭಾಷೆ ಬೇಕಿಲ್ಲ, ಹೊಸ ಊರಿನಲ್ಲಿ ಹೊಂದಿಕೊಳ್ಳೋಕೆ ವರ್ಷ ಬೇಕಿಲ್ಲ. ಅದಕ್ಕೇ ಅಷ್ಟು ಕ್ಲಬ್‌ಗಳು ಕರೆದವು ಅಂತ ನನ್ನ ಅಭಿಪ್ರಾಯ.

ಎಲ್ಲಿಂದ ಶುರು ಮಾಡಲಿ ಅಂದರೆ 2016ರ ಮಾರ್ಚ್‌ನ ವಿಯ್ಯಾರಿಯಲ್-ಲೆವರ್ಕುಸೆನ್ ಪಂದ್ಯದ ಹೈಲೈಟ್ಸ್ ನೋಡಿ. ಆಮೇಲೆ ಸ್ಪಾರ್ಟಾ ಪ್ರಾಗ್ ಎದುರಿನ ಎರಡೂ ಪಂದ್ಯ. ಮೊದಲ ಸಲ ಮಾಮೂಲಿಯಾಗಿ ನೋಡಿ. ಎರಡನೇ ಸಲ ಚೆಂಡಿನ ಮೇಲಿಂದ ಕಣ್ಣು ತೆಗೆದು, ಪಾಸ್ ಬರುವ ಮೂರು ನಾಲ್ಕು ಸೆಕೆಂಡ್ ಮುಂಚೆ ಬಕಾಂಬು ಕಾಲು ಯಾವ ಕಡೆ ತಿರುಗುತ್ತದೆ ಅಂತ ಗಮನಿಸಿ. ಸಾಧ್ಯವಾದರೆ ಪೂರ್ತಿ ಪಂದ್ಯವನ್ನೇ ಹುಡುಕಿ ನೋಡಿ. ಚೆಂಡು ಸಿಗದೆ ಹೋದ ಓಟಗಳು ಹೈಲೈಟ್ಸ್‌ನಲ್ಲಿ ಇರುವುದಿಲ್ಲ, ಅವು ಎಷ್ಟು ಅಂತ ನೋಡಬೇಕಾದರೆ 90 ನಿಮಿಷವೂ ಕೂರಬೇಕು.