ಅಪಘಾತದ ಸಾವಿನ ಪರಿಹಾರ: ‘ಎಷ್ಟು ಸಿಗುತ್ತೆ’ ಅಂತ ಕೇಳುವ ಮೊದಲು ಆದಾಯದ ಸಾಕ್ಷಿ ಹುಡುಕಿ

ಪ್ರಶ್ನೆ: ನಮ್ಮ ಭಾವ ಟೈಲ್ಸ್ ಕೆಲಸ ಮಾಡುತ್ತಿದ್ದರು, 34 ವರ್ಷ. ಬೈಕಿಗೆ ಲಾರಿ ಗುದ್ದಿ ತೀರಿಕೊಂಡರು. ಅಕ್ಕ, ಇಬ್ಬರು ಮಕ್ಕಳು, ಭಾವನ ತಾಯಿ ಇದ್ದಾರೆ. ಸಂಬಳದ ಚೀಟಿ ಇಲ್ಲ. ಒಬ್ಬರು 50 ಲಕ್ಷ ಕೊಡಿಸುತ್ತೇನೆ, ನನಗೆ 30% ಕೊಡಿ ಅನ್ನುತ್ತಿದ್ದಾರೆ.

ಉತ್ತರ: ಅವರನ್ನು ಇಂದೇ ದೂರವಿಡಿ. ಪರಿಹಾರದಲ್ಲಿ ಪಾಲು ಕೇಳಲು ವಕೀಲರಿಗೇ ಅನುಮತಿಯಿಲ್ಲ, ದಲ್ಲಾಳಿಗೆ ಎಲ್ಲಿಂದ ಬಂತು? ಈ ಮೊತ್ತವನ್ನು ಯಾರೂ ಕೊಡಿಸುವುದಿಲ್ಲ. ಸರಳಾ ವರ್ಮಾ (2009) ಮತ್ತು ಪ್ರಣಯ್ ಸೇಠಿ (2017) ಪ್ರಕರಣಗಳಲ್ಲಿ ಸುಪ್ರೀಂ ಕೋರ್ಟ್ ಹಾಕಿಕೊಟ್ಟ ಲೆಕ್ಕದ ಪ್ರಕಾರ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿ ಅದನ್ನು ನಿಗದಿ ಮಾಡುತ್ತದೆ.

ತಿಂಗಳ ಆದಾಯ 18,000 ರೂಪಾಯಿ ಎಂದು ಸಾಬೀತಾಯಿತು ಅಂತಿಟ್ಟುಕೊಳ್ಳಿ. ಸ್ವಂತ ದುಡಿಮೆಯವರು 40ರೊಳಗಿದ್ದರೆ ಮುಂದಿನ ಗಳಿಕೆಯ ಬಾಬ್ತು 40% ಸೇರುತ್ತದೆ: 25,200. (40ರಿಂದ 50ರವರಿಗೆ 25%, 60ರವರೆಗೆ 10%. ಕಾಯಂ ನೌಕರರಿಗೆ ಕ್ರಮವಾಗಿ 50, 30, 15.) ಮೃತರ ಸ್ವಂತ ಖರ್ಚಿಗೆಂದು, ಅವಲಂಬಿತರು ನಾಲ್ವರಿರುವುದರಿಂದ, ಕಾಲು ಭಾಗ ಕಳೆಯುತ್ತಾರೆ. ಇಬ್ಬರು ಮೂವರಿದ್ದರೆ ಮೂರನೇ ಒಂದು ಭಾಗ, ಅವಿವಾಹಿತರಿಗೆ ಸಾಮಾನ್ಯವಾಗಿ ಅರ್ಧ. ಉಳಿದದ್ದು 18,900; ವರ್ಷಕ್ಕೆ 2,26,800. ಈ ವರ್ಷದ ಮೊತ್ತವನ್ನು ಮೃತರ ವಯಸ್ಸಿಗೆ ತಕ್ಕ ಗುಣಕದಿಂದ ಗುಣಿಸುತ್ತಾರೆ; 31ರಿಂದ 35 ವಯಸ್ಸಿಗೆ ಅದು 16. ಗುಣಿಸಿದರೆ 36,28,800.

ಇದರ ಮೇಲೆ ಸಾಂಗತ್ಯ ನಷ್ಟ (ಮೃತರ ಒಡನಾಟ, ಆಸರೆ ತಪ್ಪಿದ್ದಕ್ಕೆ) ನಾಲ್ವರಿಗೂ ತಲಾ 48,400, ಆಸ್ತಿ ನಷ್ಟಕ್ಕೆ (ಮೃತರು ಬದುಕಿದ್ದರೆ ಕೂಡಿಡುತ್ತಿದ್ದ ಸಂಪತ್ತಿಗೆ) 18,150, ಅಂತ್ಯಕ್ರಿಯೆಗೆ 18,150. 2017ರಲ್ಲಿ ಇವು 40,000, 15,000, 15,000 ಇದ್ದವು. 3 ವರ್ಷಕ್ಕೊಮ್ಮೆ 10% ಏರುತ್ತವೆ, ಇಲ್ಲಿರುವುದು 2023ರ ಏರಿಕೆಯ ನಂತರದ ಅಂಕಿ. ಸಾಂಗತ್ಯ ನಷ್ಟ ಹೆಂಡತಿಗೆ ಮಾತ್ರ ಅಂತ ಇನ್ನೂ ಹೇಳುವವರಿದ್ದಾರೆ. ತಪ್ಪು, ಮಕ್ಕಳಿಗೂ ತಾಯಿಗೂ ಉಂಟೆಂದು 2018ರಲ್ಲೇ ತೀರ್ಮಾನವಾಗಿದೆ. ಒಟ್ಟು 38,58,700, ಜೊತೆಗೆ ಅರ್ಜಿ ಹಾಕಿದ ದಿನದಿಂದ ಬಡ್ಡಿ.

ಸೂತ್ರದಲ್ಲಿ ಚೌಕಾಸಿಗೆ ಜಾಗವೇ ಇಲ್ಲ. ಸೋಲುವುದು ಆದಾಯದಲ್ಲಿ ಮತ್ತು ವಯಸ್ಸಿನಲ್ಲಿ. ನಿಮ್ಮ ಪ್ರಕರಣದಲ್ಲಿ ಆದಾಯ ತಿಂಗಳಿಗೆ 1,000 ಕಡಿಮೆ ಎಂದು ತೀರ್ಮಾನವಾದರೆ ಕೊನೆಯಲ್ಲಿ 2,01,600 ಹೋಗುತ್ತದೆ. ಸಾಕ್ಷಿಯೇ ಇಲ್ಲದಿದ್ದರೆ ಕಾಲ್ಪನಿಕ ಆದಾಯ ಹಿಡಿಯುತ್ತಾರೆ. ನಮ್ಮಲ್ಲಿ ಹೈಕೋರ್ಟ್ ಸಾಮಾನ್ಯವಾಗಿ ರಾಜ್ಯ ಕಾನೂನು ಸೇವಾ ಪ್ರಾಧಿಕಾರ ಲೋಕ ಅದಾಲತ್‌ಗೆಂದು ಮಾಡಿರುವ ಅಂದಾಜು ಆದಾಯದ ವರ್ಷವಾರು ಪಟ್ಟಿಯನ್ನೇ ನೋಡುತ್ತದೆ; ಅದರಲ್ಲಿ ನುರಿತ ಕೆಲಸಗಾರನ ನಿಜವಾದ ಗಳಿಕೆ ಕಾಣುವುದಿಲ್ಲ.

ಹಾಗಾಗಿ ಬ್ಯಾಂಕಿನಿಂದ ದೃಢೀಕೃತ ಖಾತೆ ವಿವರ ತೆಗೆಸಿ, ಫೋನ್‌ಪೇ ಜಮೆಗಳನ್ನು ಒಟ್ಟುಮಾಡಿ, ಕಟ್ಟಡ ಕಾರ್ಮಿಕರ ಕಾರ್ಡ್ ಹುಡುಕಿ. ಕೆಲಸ ಕೊಡುತ್ತಿದ್ದ ಕಂಟ್ರಾಕ್ಟರರ ಬರಿ ಪತ್ರ ಸಾಲದು. ಅವರು ಸಾಕ್ಷಿ ಕಟ್ಟೆಗೆ ಬಂದು ಪಾಟೀ ಸವಾಲು ಎದುರಿಸಬೇಕು, ಕೂಲಿ ಬರೆದ ಪುಸ್ತಕ ತರಬೇಕು. ಬರೆದವರು ಬಾರದ ಪತ್ರವನ್ನು ವಿಮಾ ಕಂಪನಿಯ ವಕೀಲರು ಎರಡು ಪ್ರಶ್ನೆಯಲ್ಲಿ ಬೀಳಿಸುತ್ತಾರೆ. ಆಧಾರವಿಲ್ಲದೆ 40,000 ಅಂತ ಬರೆಸಬೇಡಿ; ಅಲ್ಲಿಗೆ ಉಳಿದ ಮಾತಿನ ಮೇಲಿನ ನಂಬಿಕೆಯೂ ಹೋಗುತ್ತದೆ. ಕೇಳಿದ್ದಕ್ಕಿಂತ ಹೆಚ್ಚು ನ್ಯಾಯವಾಗಿ ಸಲ್ಲುವುದಾದರೆ ಅದನ್ನೂ ಕೊಡುವ ಅಧಿಕಾರ ನ್ಯಾಯಮಂಡಳಿಗಿದೆ.

ವಯಸ್ಸಿಗೆ ಶಾಲೆಯ ವರ್ಗಾವಣೆ ಪತ್ರ ಕೊಡಿ. ಆಧಾರ್ ಜನ್ಮದಿನಕ್ಕೆ ಪುರಾವೆಯಲ್ಲ ಎಂದು ಸುಪ್ರೀಂ ಕೋರ್ಟ್ 2024ರ ಅಕ್ಟೋಬರ್‌ನಲ್ಲಿ ಹೇಳಿದೆ. ಆಧಾರ್‌ನಲ್ಲಿ 36 ಅಂತಿದ್ದು ಅದನ್ನೇ ಹಿಡಿದರೆ ಗುಣಕ 15ಕ್ಕೆ ಇಳಿದು ಒಂದು ವರ್ಷದ ಮೊತ್ತ, 2,26,800, ಕೈಬಿಡುತ್ತದೆ.

ಅಪಘಾತದ ದಿನದಿಂದ 6 ತಿಂಗಳೊಳಗೆ ಅರ್ಜಿ ಹಾಕಿ. 2022ರ ಏಪ್ರಿಲ್‌ನಿಂದ ಜಾರಿಯಲ್ಲಿರುವ ಈ ಗಡುವನ್ನು ಸುಪ್ರೀಂ ಕೋರ್ಟ್‌ನಲ್ಲಿ ಪ್ರಶ್ನಿಸಿದ್ದಾರೆ ನಿಜ, ಅದನ್ನು ನೆಚ್ಚಿ ಕೂರಬೇಡಿ. ಎಫ್‌ಐಆರ್, ಮಹಜರಿನ ವಿಷಯ ಇಲ್ಲಿ ಬರೆಯುತ್ತಿಲ್ಲ, ಠಾಣೆಯಲ್ಲೇ ಸಿಗುತ್ತದೆ.

ಪ್ರಶ್ನೆ: ಎಲ್‌ಐಸಿ ಹಣ ಬಂದಿದೆ. ಅದನ್ನು ಕಳೆಯುತ್ತಾರಾ?

ಉತ್ತರ: ಇಲ್ಲ. 1998ರಲ್ಲೇ ಇತ್ಯರ್ಥವಾದ ವಿಷಯ.

ಪ್ರಶ್ನೆ: ತೀರಿಕೊಂಡ ಅಮ್ಮ ಮನೆಯಲ್ಲೇ ಇದ್ದರು. ಆದಾಯವಿಲ್ಲ, ಹಾಗಾಗಿ ಏನೂ ಸಿಗಲ್ಲ ಅಂತಾರೆ.

ಉತ್ತರ: ಹಾಗೆ ಹೇಳಿದವರ ಮಾತು ಕೇಳಬೇಡಿ. ಗೃಹಿಣಿಯ ದುಡಿಮೆಗೂ ಕಾಲ್ಪನಿಕ ಆದಾಯ ಹಿಡಿಯಬೇಕು, ಅದಕ್ಕೂ ಮುಂದಿನ ಗಳಿಕೆ ಸೇರಿಸಬಹುದು ಎಂದು 2021ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ.

ಪ್ರಶ್ನೆ: ತಪ್ಪು ಯಾರದೆಂದು ನೋಡದೆ 5 ಲಕ್ಷ ಬೇಗ ಸಿಗುತ್ತದಂತೆ. ತೆಗೆದುಕೊಳ್ಳೋಣವೇ?

ಉತ್ತರ: ಅದು ಮೋಟಾರು ವಾಹನ ಕಾಯ್ದೆಯ 164ನೇ ಕಲಮು. ಆ ಹಣ ಒಪ್ಪಿಕೊಂಡರೆ ಎದುರಿನವರ ತಪ್ಪು ತೋರಿಸಿ ಮೇಲಿನ ಲೆಕ್ಕದ ಪರಿಹಾರ ಕೇಳುವ 166ನೇ ಕಲಮಿನ ಅರ್ಜಿ ಅಲ್ಲಿಗೆ ಮುಗಿಯಿತು. ಎದುರಿನ ಚಾಲಕನ ತಪ್ಪು ಸಾಬೀತು ಮಾಡಲು ಸಾಧ್ಯವಿದ್ದರೆ, ಮೇಲಿನ ಲೆಕ್ಕ ಹಾಕಿ ನೋಡದೆ ಎಲ್ಲಿಯೂ ಸಹಿ ಹಾಕಬೇಡಿ.

ಪ್ರಶ್ನೆ: ತಮ್ಮ ತನ್ನದೇ ಕಾರನ್ನು ಜೋರಾಗಿ ಓಡಿಸಿ ಡಿವೈಡರ್‌ಗೆ ಗುದ್ದಿ ಹೋದ. ವಿಮೆ ಇತ್ತು.

ಉತ್ತರ: ತನ್ನದೇ ಅಜಾಗರೂಕತೆಯಿಂದ ಸತ್ತವರ ವಾರಸುದಾರರಿಗೆ 166ರಡಿ ಪರಿಹಾರವಿಲ್ಲ. ಕರ್ನಾಟಕದಿಂದ ಹೋದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 2025ರ ಜುಲೈನಲ್ಲೂ ಇದನ್ನೇ ಎತ್ತಿಹಿಡಿದಿದೆ. ಪಾಲಿಸಿಯಲ್ಲಿ ಮಾಲೀಕ-ಚಾಲಕನ ವೈಯಕ್ತಿಕ ಅಪಘಾತ ವಿಮೆ ಇದೆಯೇ ನೋಡಿ. ಇದ್ದರೆ 15 ಲಕ್ಷದ ಆ ಹಣವನ್ನು ನೇರವಾಗಿ ವಿಮಾ ಕಂಪನಿಯಲ್ಲೇ ಕೇಳಿ.