ಆರ್.ಇ.ಎಂ. ಬ್ಯಾಂಡ್ ಒಡೆದದ್ದು ಜಗಳದಿಂದಲಾ?

ಇಲ್ಲ. ಅವರು ಜಗಳ ಆಡದೆ ಮುಗಿಸಿದ ಅಪರೂಪದ ರಾಕ್ ಬ್ಯಾಂಡ್.

1980ರಲ್ಲಿ ಅಮೆರಿಕದ ಜಾರ್ಜಿಯಾ ರಾಜ್ಯದ ಅಥೆನ್ಸ್‌ನಲ್ಲಿ, ಹಳೇ ಚರ್ಚೊಂದರಲ್ಲಿ ನಡೆದ ಬರ್ತ್‌ಡೇ ಪಾರ್ಟಿಯಲ್ಲಿ ಬ್ಯಾಂಡ್‌ನ ನಾಲ್ವರು ಮೊದಲ ಸಲ ನುಡಿಸಿದರು. 1983ರ 'ಮರ್ಮರ್' ಆಲ್ಬಮ್‌ನಲ್ಲಿ ಗಾಯಕ ಮೈಕಲ್ ಸ್ಟೈಪ್ ಏನು ಹಾಡ್ತಿದ್ದಾರೆ ಅನ್ನೋದೇ ಸರಿಯಾಗಿ ಕೇಳಿಸಲ್ಲ. ನನಗಂತೂ ಇನ್ನೂ ಪೂರ್ತಿ ತಿಳಿದಿಲ್ಲ ಬಿಡಿ! ಆದರೂ ವಿದ್ಯಾರ್ಥಿಗಳೇ ನಡೆಸುವ ಕಾಲೇಜು ರೇಡಿಯೋಗಳು ಅವರನ್ನು ಕೈಬಿಡಲಿಲ್ಲ.

ಗಿಟಾರ್ ವಾದಕ ಪೀಟರ್ ಬಕ್ ಹೊಸ ಮ್ಯಾಂಡೊಲಿನ್ ತಂದು, ಟಿ.ವಿ. ನೋಡುತ್ತಾ ಸುಮ್ನೆ ಮೀಟುತ್ತಾ ಕಲಿಯುತ್ತಿದ್ದರು. ಆಗ ಸಿಕ್ಕ ತುಣುಕೇ 1991ರ 'ಲೂಸಿಂಗ್ ಮೈ ರಿಲಿಜನ್' ಹಾಡಾಯಿತು. ಅಮೆರಿಕದ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ 4ನೇ ಸ್ಥಾನ ಹಿಡಿಯಿತು.

ಹಾಡು ಯಾರಿಗೇ ಹೊಳೆದರೂ ಬರೆದವರು ಅಂತ ಹಾಕ್ತಿದ್ದ ಹೆಸರು ಮಾತ್ರ ನಾಲ್ವರದ್ದೂ. ದುಡ್ಡಿನ ಜಗಳ ತಪ್ಪಿದ್ದು ಇದರಿಂದಲೇ ಅಂತ ನನ್ನ ಅನಿಸಿಕೆ.

1995ರಲ್ಲಿ ಸ್ವಿಟ್ಜರ್ಲೆಂಡ್‌ನ ಲೋಸಾನ್‌ನಲ್ಲಿ, ವೇದಿಕೆ ಮೇಲೇ ಡ್ರಮ್ಮರ್ ಬಿಲ್ ಬೆರಿಯ ಮಿದುಳಿನ ರಕ್ತನಾಳ ಒಡೆಯಿತು. ಗುಣವಾಗಿ ಮರಳಿದರೂ 1997ರಲ್ಲಿ ಬ್ಯಾಂಡ್ ಬಿಟ್ಟು ಬೇಸಾಯಕ್ಕೆ ಇಳಿದರು. ತಾನು ಹೋದರೆ ಬ್ಯಾಂಡ್ ಒಡೆಯುತ್ತದೆ ಅನ್ನೋದಾದರೆ ಹೋಗಲ್ಲ ಅಂತ ಮೊದಲೇ ಹೇಳಿದ್ದರು. ಉಳಿದ ಮೂವರು 2011ರ ಸೆಪ್ಟೆಂಬರ್‌ವರೆಗೆ ನಡೆಸಿ, ಮಾತಾಡಿಕೊಂಡೇ ನಿಲ್ಲಿಸಿದರು.